ಮಣಿಯದವರ ಧರ್ಮ

ಇಂಗ್ಲಿಷಿನ ‘ರಿಫ್ರಾಕ್ಟರಿ’ ಎಂಬ ವಿಶೇಷಣವು ಆಜ್ಞೆಗೆ ಮಣಿಯದ ಮನುಷ್ಯನಿಗೂ ಕುಲುಮೆಯ ಕಾವಿಗೆ ಕರಗದ ಇಟ್ಟಿಗೆಗೂ ಸಲ್ಲುತ್ತದೆ. ಹಠಮಾರಿ ಎಂಬರ್ಥದ ಲ್ಯಾಟಿನ್ ಶಬ್ದ ‘ರಿಫ್ರಾಕ್ಟೇರಿಯಸ್’ ಇದರ ಮೂಲವಾಗಿದ್ದು, ಮೊದಲು ಮನುಷ್ಯರ ಮೇಲಿನ ದೂರಾಗಿದ್ದ ಪದ ಬಳಿಕ ಅದಿರು, ಮಣ್ಣುಗಳಿಗೂ ಹಬ್ಬಿತು. ಫ್ರಾನ್ಸಿನ ಕ್ರಾಂತಿ ಸರ್ಕಾರವು 1790ರಲ್ಲಿ ಚರ್ಚನ್ನು ರಾಜ್ಯದ ಅಧೀನಕ್ಕೆ ತಂದು ಪಾದ್ರಿಗಳಿಂದ ಪ್ರಮಾಣವಚನ ಕೇಳಿದಾಗ, ನಿರಾಕರಿಸಿದವರಿಗೆ ಅಂಟಿದ ಹೆಸರೂ ಇದೇ ಮೂಲದ್ದು. ಸರ್ಕಾರದ ಕಣ್ಣಿಗೆ ಅವರು ದ್ರೋಹಿಗಳು, ಅವರನ್ನು ನಂಬಿದ ಹಳ್ಳಿಗರಿಗೆ ನಿಷ್ಠಾವಂತರು. ಹಾಗಿದ್ದರೆ ಹಠಕ್ಕೂ ನಿಷ್ಠೆಗೂ ಇರುವ ಅಂತರ ನೋಡುವವರ ಪಕ್ಷವನ್ನಷ್ಟೇ ಅವಲಂಬಿಸಿದೆಯೇ?

ಶಿವಮೊಗ್ಗ ಜಿಲ್ಲೆಯ ಭದ್ರಾವತಿಯ ಕಬ್ಬಿಣದ ಕಾರ್ಖಾನೆ ಇಲ್ಲಿ ಒಂದಿಷ್ಟು ಬೆಳಕು ನೀಡುತ್ತದೆ. ಅಲ್ಲಿ 1923ರಲ್ಲಿ ಕಬ್ಬಿಣದ ಉತ್ಪಾದನೆ ಶುರುವಾದಾಗ ಉರುವಲಾಗಿದ್ದುದು ಮಲೆನಾಡಿನ ಕಾಡಿನ ಇದ್ದಿಲು, ಅದಿರು ಬಂದದ್ದು ಕೆಮ್ಮಣ್ಣುಗುಂಡಿಯಿಂದ. ಅದಿರು ಕರಗಿ ಕಬ್ಬಿಣವಾಗುವ ಇಂಥ ಊದುಕುಲುಮೆಯ ಒಳಮೈಗೆ, ಸುಮಾರು 1500 ಡಿಗ್ರಿ ಸೆಲ್ಸಿಯಸ್ ಕಾವಿನಲ್ಲೂ ರೂಪಗೆಡದಂತೆ, ಬೆಂಕಿ ಇಟ್ಟಿಗೆಯನ್ನು ಒತ್ತಾಗಿ ಜೋಡಿಸಿರುತ್ತಾರೆ. ಆ ಇಟ್ಟಿಗೆ ಬೆಂಕಿಯನ್ನು ಆರಿಸುವುದಿಲ್ಲ. ಕಾವು ಹೊರಗೆ ಸೋರದಂತೆ ಹಿಡಿದಿಟ್ಟು, ಕರಗಿದ ಕಿಟ್ಟ ತನ್ನನ್ನು ವರ್ಷಾನುಗಟ್ಟಲೆ ತಿನ್ನುತ್ತಿದ್ದರೂ ಕೆಲಸ ನಡೆಯಗೊಡುತ್ತದೆ, ಸವೆದ ಮೇಲೆ ಕುಲುಮೆಯನ್ನು ಆರಿಸಿ ಅದನ್ನು ಬದಲಿಸಬೇಕಾಗುತ್ತದೆ. ಅದರ ಪ್ರತಿರೋಧಕ್ಕೆ ಬೆಲೆ ಬಂದಿರುವುದು ಗಟ್ಟಿತನದಿಂದಲ್ಲ, ಆ ಗಟ್ಟಿತನ ಏನನ್ನು ಕಾಯುತ್ತದೆ ಎಂಬುದರಿಂದ.

ಮನುಷ್ಯರ ವಿಷಯದಲ್ಲಿ ಇದಕ್ಕೂ ಕಠಿಣವಾದ ಪರೀಕ್ಷೆಯೊಂದಿದೆ, ಅದನ್ನು ಇದೇ ಶಿವಮೊಗ್ಗ ಜಿಲ್ಲೆಯ ಉಡುತಡಿಯ ಅಕ್ಕಮಹಾದೇವಿಯ ಬಾಳಿನಲ್ಲಿ ಕಾಣಬಹುದು. ಹನ್ನೆರಡನೆಯ ಶತಮಾನದ ಈ ಶರಣೆ ಕೌಶಿಕನೆಂಬ ಅರಸನನ್ನು ವರಿಸಿದಳೇ ಇಲ್ಲವೇ ಎಂಬಲ್ಲಿ ಕಾವ್ಯಗಳಿಗೆ ಒಮ್ಮತವಿಲ್ಲವಾದರೂ, ತನ್ನ ಆರಾಧ್ಯದೈವ ಚೆನ್ನಮಲ್ಲಿಕಾರ್ಜುನನೊಬ್ಬನೇ ತನ್ನ ಪತಿಯೆಂದು ಅರಮನೆಯನ್ನು ತೊರೆದು ನಡೆದಳು ಎಂಬಲ್ಲಿ ಭೇದವಿಲ್ಲ. ಇಷ್ಟನ್ನೇ ನೋಡಿದರೆ ಅದು ಛಲ. ಛಲವನ್ನು ಕೌಶಿಕನೂ ತೋರಿದ್ದ. ಆದರೆ ಶರಣರ ಸಂವಾದಗಳ ಗ್ರಂಥವಾದ ಶೂನ್ಯಸಂಪಾದನೆ ನಿರೂಪಿಸುವಂತೆ ಅವಳು ಶರಣರ ನೆಲೆಯಾದ ಕಲ್ಯಾಣಕ್ಕೆ ಬಂದಾಗ, ಇದೇ ಜಿಲ್ಲೆಯ ಬಳ್ಳಿಗಾವೆಯಿಂದ ಬಂದಿದ್ದ ಶರಣ ಅಲ್ಲಮಪ್ರಭು ಅವಳ ವೈರಾಗ್ಯವನ್ನೇ ಶಂಕಿಸಿ, ಸೀರೆ ಬಿಟ್ಟವಳು ಕೂದಲಿನಿಂದ ಮೈ ಮರೆಸಿಕೊಂಡದ್ದೇಕೆಂದು ತುಂಬಿದ ಸಭೆಯಲ್ಲಿ ಕೇಳುತ್ತಾನೆ. ಅರಸನ ಒತ್ತಾಯಕ್ಕೆ ಬಾಗದವಳು ಈ ಪ್ರಶ್ನೆಗೆ ಬೆನ್ನು ತೋರಿಸುವುದಿಲ್ಲ, ಅವಮಾನವೆಂದು ಸಿಡಿಯುವುದೂ ಇಲ್ಲ. ನೋಡುವವರ ಮನಸ್ಸು ನೋಯದಿರಲೆಂದು ಮರೆಸಿಕೊಂಡೆನೆಂದು ವಿವರಿಸುತ್ತಾಳೆ. ಮೊಂಡುತನಕ್ಕೆ ಬಲಾತ್ಕಾರವೂ ಪ್ರಶ್ನೆಯೂ ಒಂದೇ, ಎರಡಕ್ಕೂ ಅದು ಬಾಗಿಲು ಹಾಕಿಕೊಳ್ಳುತ್ತದೆ. ಅಕ್ಕ ಇವೆರಡನ್ನೂ ಬೇರೆ ಮಾಡಿ ಕಂಡಳು. ಅರಮನೆಗೆ ಸಿಗದ ಉತ್ತರ ಸಭೆಗೆ ಸಿಕ್ಕಿತು, ಆ ಉತ್ತರವನ್ನು ಅಳೆದು ನೋಡಿದ ಮೇಲೆಯೇ ಅಲ್ಲಮನು ಅವಳ ನಿಲುವನ್ನು ಒಪ್ಪಿದನು.