ತೆನೆಯಲ್ಲಿ ಹಕ್ಕಿಯ ಪಾಲು

ನಮಗೆ ನಷ್ಟವನ್ನುಂಟುಮಾಡುವ ಜೀವಿಯನ್ನು ಕಾಪಾಡಬೇಕಾದ ಧರ್ಮವು ನಮಗುಂಟೆ? ಹುಲಿ ಕರಡಿಗಳ ವಿಷಯದಲ್ಲಿ ಈ ಪ್ರಶ್ನೆಯನ್ನು ಕೇಳುವವರು ಬಹುಮಂದಿ. ಅಂಗೈಯಲ್ಲಿ ಅಡಗುವ ರಾಟವಾಳದ ವಿಷಯದಲ್ಲಿ ಕೇಳುವವರು ವಿರಳ.

ವಿಜಯನಗರದ ಅರಸರ ಕಾಲುವೆಗಳೂ ತುಂಗಭದ್ರೆಯ ಅಣೆಕಟ್ಟಿನ ನೀರೂ ಪೋಷಿಸುವ ಕಂಪ್ಲಿ ಹೊಸಪೇಟೆಗಳ ಸೀಮೆಯಲ್ಲಿ, ಬತ್ತದ ಕಾಳು ಹಾಲುಗಟ್ಟುವ ಹೊತ್ತಿಗೆ ಚುಕ್ಕೆ ರಾಟವಾಳಗಳು ಗುಂಪುಗೂಡಿ ತೆನೆಗಳ ಮೇಲೆರಗುವುವು. ರೈತನು ತಗಡು ಬಡಿದು ಓಡಿಸುವನು; ಅದು ತಪ್ಪೆನ್ನಲಾಗದು. ಆದರೆ ತೆನೆಯಿಲ್ಲದ ತಿಂಗಳುಗಳಲ್ಲಿ ಅದೇ ಹಕ್ಕಿಯು ಹುಲ್ಲು ಕಳೆಗಳ ಬೀಜವನ್ನು ಆಯ್ದು ತಿನ್ನುವುದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಹಕ್ಕಿಗಳು ಬೇಕಾದಷ್ಟಿರುವಾಗ ಚಿಂತೆಯೇಕೆಂದು ವಾಚಕರು ಕೇಳಬಹುದು. ರಾಟವಾಳದ ದಾಯಾದಿಯಾದ ಜಾವಾ ಗುಬ್ಬಿಯ ವೃತ್ತಾಂತವೇ ಇದಕ್ಕೆ ಉತ್ತರ. ಜಾವಾ, ಬಾಲಿ ದ್ವೀಪಗಳ ಗದ್ದೆಗಳಲ್ಲಿ ಅದು ಒಂದು ಕಾಲಕ್ಕೆ ಯಥೇಚ್ಛವಾಗಿದ್ದಿತು. ಅಕ್ಕಿಯನ್ನು ತಿನ್ನುವುದೆಂಬ ಅರ್ಥವು ಅದರ ಶಾಸ್ತ್ರೀಯ ನಾಮದಲ್ಲಿಯೇ ಇದೆ. ಬೆಳೆಗೆ ಪೀಡೆಯೆಂದು ಕೆಲವರು, ಪಂಜರಕ್ಕೆ ಅಲಂಕಾರವೆಂದು ಹಲವರು ಅದನ್ನು ಹಿಡಿದರು. ಇಂದು ಅದರ ಸಂತತಿಯು ದೂರದ ಹವಾಯಿಯಲ್ಲಿ ನೆಲೆಸಿದೆ, ದೇಶದೇಶಗಳ ಪಂಜರಗಳಲ್ಲಿದೆ, ತವರಿನಲ್ಲಿ ಮಾತ್ರ ಅಳಿವಿನ ಭಯಕ್ಕೆ ಗುರಿಯಾಗಿದೆ. ಪಂಜರದಲ್ಲಿ ಉಳಿದುದನ್ನು ಉಳಿವೆನ್ನಬಹುದೆ? ತನ್ನ ಹುಲ್ಲನ್ನು ತಾನೇ ಆಯ್ದು ಗೂಡು ಹೆಣೆಯಲಾಗದ ಹಕ್ಕಿಗೆ ಜೀವವಿದ್ದರೂ ಬಾಳಿಲ್ಲ.

ನಮ್ಮ ದೇಶದ ಕೆಂಪು ರಾಟವಾಳವೂ ಇದೇ ದಾರಿಯಲ್ಲಿ ಕಡಲು ದಾಟಿತು. ಅಹಮದಾಬಾದಿನಿಂದ ಸಾಗಿಸಲ್ಪಟ್ಟ ಕಾರಣ ಆಂಗ್ಲರು ಆ ಊರಿನ ಹೆಸರಿನ ಅಪಭ್ರಂಶದಿಂದಲೇ ಅದನ್ನು ಕರೆದರು. 1972ರ ವನ್ಯಜೀವಿ ಸಂರಕ್ಷಣಾ ಶಾಸನಕ್ಕೆ 1991ರಲ್ಲಿ ತಿದ್ದುಪಡಿಯಾದ ಬಳಿಕ ಇಂತಹ ಹಕ್ಕಿಗಳ ವ್ಯಾಪಾರವು ನಿಷಿದ್ಧ. ಆದರೂ ಬಣ್ಣ ಬಳಿದು ಮಾರುವವರು ಇಲ್ಲದಿಲ್ಲ, ಕೊಳ್ಳುವವರಿರುವುದರಿಂದಲೇ ಅವರಿದ್ದಾರೆ.

ಇಲ್ಲಿ ನ್ಯಾಯದ ಮತ್ತೊಂದು ಮುಖವೂ ಉಂಟು. ಪಟ್ಟಣದಲ್ಲಿ ಕುಳಿತು ಹಕ್ಕಿಗಾಗಿ ಮರುಗುವ ನಮ್ಮ ಕಾಳೊಂದೂ ನಷ್ಟವಾಗುವುದಿಲ್ಲ. ದಯೆ ನಮ್ಮದು, ತೆರುವವನು ರೈತನು. ಆದಕಾರಣ ಅವನಿಗೆ ಉಪದೇಶವನ್ನು ಹೇಳುವ ಮೊದಲು ನಮ್ಮ ಪಾಲನ್ನು ನಾವು ತೆರಬೇಕು. ಪಂಜರದ ಹಕ್ಕಿಯನ್ನು ಕೊಳ್ಳದಿರುವುದೂ, ಮಕ್ಕಳಿಗೆ ಕೊಡಿಸದಿರುವುದೂ ಅದರಲ್ಲಿ ಅತ್ಯಲ್ಪವಾದುದು. ಹಕ್ಕಿಗೆ ಹೋದ ಕಾಳನ್ನು ಬತ್ತದ ಬೆಲೆಯಲ್ಲಿ ಸಂತೋಷದಿಂದ ಕೂಡಿಸಿ ಕೊಡುವುದು ಅದಕ್ಕಿಂತ ಮೇಲಾದುದು.

ಹಂಪೆಗೆ ಸಮೀಪದ ದರೋಜಿಯಲ್ಲಿ ಸರಕಾರವು 1994ರಲ್ಲಿ ಕರಡಿಗಳಿಗಾಗಿ ಧಾಮವನ್ನೇರ್ಪಡಿಸಿತು. ರಾಟವಾಳವು ಅಷ್ಟು ನೆಲವನ್ನು ಬೇಡುವುದಿಲ್ಲ. ಬದುವಿನ ಮೇಲೆ ಸುಡದೆ ಬಿಟ್ಟ ಹುಲ್ಲು, ಗೂಡಿಗೊಂದು ಮುಳ್ಳಿನ ಪೊದೆ, ಓಡಿಸಿದರೂ ಬಲೆಯೊಡ್ಡದ ಕೈ, ಇಷ್ಟಾದರೆ ಅದಕ್ಕೆ ಸಾಕು.