ಸಹಿಯಿಲ್ಲದ ಖಾತೆ

2013ರಲ್ಲಿ ಬಂದ ‘ದಿ ಲಾಸ್ಟ್ ಆಫ್ ಅಸ್’ ಎಂಬ ವಿಡಿಯೋ ಆಟ ಬರಿಯ ಮಕ್ಕಳಾಟವೆಂದು ನನಗೆ ಅನಿಸುವುದಿಲ್ಲ. ಶಿಲೀಂಧ್ರವೊಂದರ ಸೋಂಕಿನಿಂದ ಲೋಕ ಹಾಳುಬಿದ್ದು 20 ವರ್ಷಗಳಾಗಿವೆ. ಸೋಂಕು ನಾಟದ 14ರ ಹುಡುಗಿ ಎಲ್ಲಿಯನ್ನು (ನಮ್ಮ ಕಿವಿಗೆ ಹೆಸರೇ ಒಂದು ಪ್ರಶ್ನೆ!) ಜೋಯೆಲ್ ಎಂಬವನು ಅಮೆರಿಕದ ಉದ್ದಕ್ಕೂ ಕರೆದೊಯ್ಯಬೇಕು.

ಇಲ್ಲಿ ಬದುಕುವ ಉಪಾಯವೆಂದರೆ ಜಿಪುಣತನ. ‘ಕ್ಲಿಕರ್’ ಎಂಬ ಸೋಂಕಿತರಿಗೆ ಕಣ್ಣಿಲ್ಲ, ಕಿವಿಯೇ ಎಲ್ಲ. ಬಗ್ಗಿ ಮೆಲ್ಲನೆ ನಡೆದು, ದೂರಕ್ಕೊಂದು ಬಾಟ್ಲಿ ಎಸೆದರೆ ಅವು ಅತ್ತ ಹೋಗುತ್ತವೆ, ಗುಂಡು ಉಳಿಯುತ್ತದೆ. ಚಿಂದಿಬಟ್ಟೆ ಮತ್ತು ಸ್ಪಿರಿಟ್ ಸಿಕ್ಕರೆ ಗಾಯಕ್ಕೆ ಮದ್ದಿನ ಕಟ್ಟು ಮಾಡಬಹುದು, ಇಲ್ಲವೇ ಬೆಂಕಿಬಾಂಬು. ಎರಡಕ್ಕೂ ಸಾಮಾನು ಅದೇ. ನಮ್ಮ ಮನೆಯಲ್ಲಿ ಮಗ ಬಾಂಬಿನ ಪಕ್ಷ: “ಪೆಟ್ಟು ಬೀಳುವ ಮೊದಲೇ ಮುಗಿಸಿದರೆ ಮದ್ದು ಯಾಕಪ್ಪಾ?” ದೇಶಗಳೂ ಹೀಗೇ ವಾದಿಸುತ್ತವೆ. ನಾನು ಮದ್ದಿನವನು. ಇರಲಿ, ಚಿಂದಿ ನಮ್ಮದು, ಖರ್ಚಿನ ಲೆಕ್ಕವೂ ನಮ್ಮದು.

ಕೊನೆಗೆ ಸಾಲ್ಟ್ ಲೇಕ್ ಸಿಟಿಯ ಆಸ್ಪತ್ರೆಯಲ್ಲಿ ಇದೇ ಲೆಕ್ಕ ಹುಡುಗಿಯ ತಲೆಗೆ ಬರುತ್ತದೆ. ಅವಳ ಮಿದುಳಿನಲ್ಲಿ ಬೆಳೆದ ಶಿಲೀಂಧ್ರವನ್ನು ತೆಗೆದರೆ ಲಸಿಕೆ ಸಿಕ್ಕೀತು, ಅವಳು ಬದುಕುವುದಿಲ್ಲ. ಜೋಯೆಲ್ ವೈದ್ಯನನ್ನು ಕೊಂದು ಅವಳನ್ನು ಎತ್ತಿಕೊಂಡು ಓಡುತ್ತಾನೆ. ಆಡುವವನಿಗೆ ಬೇರೆ ದಾರಿ ಕೊಟ್ಟಿಲ್ಲ. ಒಂದು ಜೀವ, ಎದುರಿಗೆ ಮನುಕುಲ: ಕೂಡಿಸಿ ಕಳೆದರೆ ವೈದ್ಯನೇ ಸರಿ. ಆದರೆ ಬ್ಯಾಂಕಿನಲ್ಲಿ ಕುಳಿತು ಕಲಿತದ್ದೊಂದಿದೆ. ಖಾತೆದಾರರ ಸಹಿಯಿಲ್ಲದೆ, ಎಂಥ ಪುಣ್ಯಕಾರ್ಯಕ್ಕೂ, ಹಣ ತೆಗೆಯುವಂತಿಲ್ಲ. ಹುಡುಗಿ ಪ್ರಜ್ಞೆ ತಪ್ಪಿ ಮಲಗಿದ್ದಳು. ಕೊಲ್ಲಹೊರಟವರೂ ಅವಳನ್ನು ಕೇಳಲಿಲ್ಲ, ಉಳಿಸಿದವನೂ ಕೇಳಲಿಲ್ಲ. ಎಚ್ಚರವಾದ ಮೇಲೆ ಜೋಯೆಲ್ ಅವಳಿಗೆ ಸುಳ್ಳನ್ನೇ ಹೇಳಿದ.

ಮಗನಿಗೆ ಜೋಯೆಲನೇ ಸರಿ. “ನೀವಾದರೆ ನನ್ನನ್ನು ಬಿಡುತ್ತಿದ್ದಿರಾ?” ಎಂದು ಕೇಳುತ್ತಾನೆ. ಬಿಡುತ್ತಿರಲಿಲ್ಲ. ಆದರೆ ಎದ್ದ ಮೇಲೆ ನಿಜ ಹೇಳುತ್ತಿದ್ದೆ.