ತೈಪೂಸದ ದಿನ ಗೊತ್ತಾಗುವುದು ಹೇಗೆ?



ಪಳನಿ ಬೆಟ್ಟದ ಮೆಟ್ಟಿಲ ಮೇಲೆ ಕನ್ನಡದವರ ಮಾತು ಕಿವಿಗೆ ಬೀಳುವುದುಂಟು: "ನಮ್ಮ ಕ್ಯಾಲೆಂಡರಿನಲ್ಲಿ ಹುಣ್ಣಿಮೆ ನಾಳೆ ಇದೆಯಲ್ಲ, ಇವರು ಇವತ್ತೇ ತೇರು ಎಳೆದುಬಿಟ್ಟರು!" ವ್ರತ ಹಿಡಿದು, ಕಾವಡಿ ಹೊತ್ತು, ಬರಿಗಾಲಲ್ಲಿ ನಡೆದು ಬಂದವರಿಗೆ ಒಂದು ದಿನ ತಪ್ಪಿತು ಅಂದರೆ ಸಂಕಟವಾಗದೆ ಇರುತ್ತದೆಯೇ?

ನಮ್ಮ ಬಯಲುಸೀಮೆಯಲ್ಲಿ ತಿಂಗಳು ಚಂದ್ರನದು. ಅಮಾವಾಸ್ಯೆ ಕಳೆದ ಪಾಡ್ಯಕ್ಕೆ ಹೊಸ ಮಾಸ. ತಮಿಳುನಾಡಿನಲ್ಲಿ ತಿಂಗಳು ಸೂರ್ಯನದು. (ಉಡುಪಿ, ಮಂಗಳೂರು ಕಡೆಯವರಿಗೆ ಇದು ಹೊಸದಲ್ಲ, ಅಲ್ಲೂ ಸೌರಮಾನ ಉಂಟು.) ಸೂರ್ಯ ಮಕರ ರಾಶಿಯನ್ನು ಹೊಕ್ಕರೆ ತೈ ಮಾಸ. ಸಂಕ್ರಮಣ ಸೂರ್ಯಾಸ್ತದೊಳಗೆ ಆದರೆ ಅದೇ ದಿನ ಒಂದನೇ ತಾರೀಕು, ಆಮೇಲಾದರೆ ಮಾರನೇ ದಿನ. ಅದಕ್ಕೇ ಅವರ ತಿಂಗಳಿಗೆ 29 ದಿನವೂ ಉಂಟು, 32 ದಿನವೂ ಉಂಟು.

ಹಾಗಂತ ಹಬ್ಬಕ್ಕೆ ಚಂದ್ರನನ್ನು ಬಿಟ್ಟಿಲ್ಲ. ತೈ ಮಾಸದಲ್ಲಿ ಚಂದ್ರ ಪುಷ್ಯ ನಕ್ಷತ್ರಕ್ಕೆ ಬಂದ ದಿನ ತೈಪೂಸ. ಪಂಗುಣಿಯಲ್ಲಿ ಉತ್ತರಾ ನಕ್ಷತ್ರ ಬಂದರೆ ಪಂಗುಣಿ ಉತ್ತಿರ. ಹುಣ್ಣಿಮೆ ಹತ್ತಿರದಲ್ಲೇ ಇರುತ್ತದೆ, ಆದರೆ ಹಿಡಿಯುವುದು ನಕ್ಷತ್ರವನ್ನು. 2024ರಲ್ಲಿ ತೈಪೂಸ ಜನವರಿ 25ರಂದು, ನಮ್ಮ ಪುಷ್ಯ ಮಾಸದ ಹುಣ್ಣಿಮೆಗೇ ಬಂತು. 2025ರಲ್ಲಿ ಫೆಬ್ರವರಿ 11ಕ್ಕೆ ಬಂತು, ಮಾಘದ ಹುಣ್ಣಿಮೆ ಮಾರನೇ ದಿನ. ನಮ್ಮ ಲೆಕ್ಕದಲ್ಲಿ ಮಾಸವೇ ಬೇರೆಯಾಯಿತು ನೋಡಿ!

ಇನ್ನೊಂದು ತೊಡಕು. ತಮಿಳರಲ್ಲಿ ಪಂಚಾಂಗ ಎರಡು ಬಗೆ. ವರರುಚಿಯ ಹೆಸರಿನಲ್ಲಿ ಬಂದ 248 ಚಂದ್ರವಾಕ್ಯಗಳಿವೆ. ಅಕ್ಷರಗಳಲ್ಲೇ ಅಂಕಿಗಳನ್ನು ಅಡಗಿಸಿ, ಬಾಯಿಪಾಠದಿಂದಲೇ ಚಂದ್ರನ ಸ್ಥಾನ ಹೇಳುವ ಆ ವಿದ್ಯೆಯನ್ನು ಅನುಸರಿಸುವುದು ವಾಕ್ಯ ಪಂಚಾಂಗ. ಈಗಿನ ಖಗೋಳ ಗಣಿತದಿಂದ ತಿದ್ದಿಕೊಂಡದ್ದು ತಿರುಕ್ಕಣಿತ. ಆಕಾಶಕ್ಕೆ ಹೆಚ್ಚು ಹೊಂದುವುದು ಎರಡನೆಯದೇ, ಮುಚ್ಚಿಡುವುದೇಕೆ? ತಿಥಿ ನಕ್ಷತ್ರಗಳಲ್ಲಿ ಎರಡಕ್ಕೂ ಕೆಲವು ಗಂಟೆ ಹೆಚ್ಚುಕಮ್ಮಿ ಆಗುತ್ತದೆ. ಶನಿಮಹಾತ್ಮನ ಲೆಕ್ಕದಲ್ಲಿ ತಿಂಗಳುಗಳೇ. ಶನಿ ಕುಂಭಕ್ಕೆ ಬಂದದ್ದು ತಿರುಕ್ಕಣಿತದ ಪ್ರಕಾರ 2023ರ ಜನವರಿ 17. ತಿರುನಳ್ಳಾರು ಕ್ಷೇತ್ರದಲ್ಲಿ ವಾಕ್ಯದಂತೆ ಉತ್ಸವ ನಡೆದದ್ದು ಅದೇ ವರ್ಷದ ಡಿಸೆಂಬರ್ 20.

ಹಾಗಾದರೆ ಸ್ವಾಮಿ ಯಾವ ಪಂಚಾಂಗ ನೋಡುತ್ತಾನೆ? ಧ್ವಜ ಏರಿಸಿ, ಸಂಕಲ್ಪ ಮಾಡಿ, ಊರೆಲ್ಲ ಸೇರಿ ಕರೆದ ದಿನ ಅವನು ತೇರಿಗೆ ಬರುತ್ತಾನೆ. ಉತ್ಸವ ಒಬ್ಬರದಲ್ಲ, ಎಲ್ಲರೂ ಒಟ್ಟಿಗೆ ಹಗ್ಗ ಹಿಡಿಯಲೇಬೇಕು. ಅದಕ್ಕಾಗಿ ಆ ಕ್ಷೇತ್ರ ಗೊತ್ತುಮಾಡಿದ ದಿನವೇ ಅಲ್ಲಿಗೆ ಪ್ರಮಾಣ. ಹರಕೆಯ ಮಾತು ಹಾಗಲ್ಲ, ಅದು ನಿಮಗೂ ಅವನಿಗೂ ನಡುವಿನದು. ತೇರು ತಪ್ಪಿತೆಂದು ಕಾವಡಿಯನ್ನು ಕೆಳಗಿಳಿಸಿ ಊರಿಗೆ ತಿರುಗಬೇಡಿ. ಹತ್ತಿ ಬನ್ನಿ, ಒಪ್ಪಿಸಿ. ಮುಂದಿನ ಸಲ ಮಾಲೆ ಹಾಕುವ ಮೊದಲೇ ಇಲ್ಲಿನ ಧ್ವಜಾರೋಹಣದ ತಾರೀಕು ಕೇಳಿಕೊಂಡು, ನಡಿಗೆಯ ದಿನಗಳನ್ನು ಅಲ್ಲಿಂದ ಹಿಂದಕ್ಕೆ ಎಣಿಸಿ ಹೊರಡಿ.